ಕಾಂಚನಜುಂಗಾದ ಹಿಮನದಿಗಳ ನಕ್ಷೆ ಪ್ರಕಟಿಸಿ

ಮಾನ್ಯ ಸಂಪಾದಕರೇ,

ನಾನು ಗಂಗಾವತಿ ತಾಲ್ಲೂಕಿನ ಹಳ್ಳಿಯೊಂದರಲ್ಲಿ ಸಮಾಜ ವಿಜ್ಞಾನ ಕಲಿಸುತ್ತೇನೆ. ಹೋದ ವಾರ ಹಿಮಾಲಯದ ಪಾಠ ನಡೆದಿತ್ತು. ಒಂಬತ್ತನೇ ತರಗತಿಯ ಹುಡುಗಿ ಎದ್ದು ನಿಂತು, ‘ಸರ, ಹಿಮನದಿ ಅಂದ್ರ ತಣ್ಣೀರು ಹರಿಯೋ ಹೊಳಿ ಏನ್ರಿ?’ ಎಂದು ಕೇಳಿದಳು. ಯಾರೂ ನಗಲಿಲ್ಲ. ಎಲ್ಲರಿಗೂ ಅದೇ ಅನುಮಾನವಿತ್ತು. ಆದರೆ ಸಿಕ್ಕಿಂ-ನೇಪಾಳ ಗಡಿಯ ಕಾಂಚನಜುಂಗಾ ಶಿಖರದ ಎತ್ತರ ಎಷ್ಟು ಅಂದರೆ, 8,586 ಮೀಟರ್ ಎಂದು ಇಡೀ ತರಗತಿ ಒಂದೇ ಉಸಿರಿಗೆ ಹೇಳಿತು.

ಇದು ಮಕ್ಕಳ ತಪ್ಪಲ್ಲ. ಕ್ವಿಜ್‌ನಲ್ಲಿ ನಾವು ಕೇಳುವುದು ಎತ್ತರ ಮಾತ್ರ. ಗೋಡೆಯ ನಕ್ಷೆಯಲ್ಲಿ ಈ ಶಿಖರ ಇರುವುದು ಒಂದು ಸಣ್ಣ ತ್ರಿಕೋನವಾಗಿ. ಏಪ್ರಿಲ್‌ನಲ್ಲಿ 40 ಡಿಗ್ರಿ ದಾಟುವ ನಮ್ಮೂರಿನ ಮಕ್ಕಳಿಗೆ ಮಂಜುಗಡ್ಡೆ ಹರಿಯುತ್ತದೆ ಎಂದರೆ ಹೇಗೆ ಅರ್ಥವಾಗಬೇಕು?

ಮರುದಿನ ಮನೆಯಿಂದ ಬೆಲ್ಲದ ಪಾಕ ಒಯ್ದೆ. ತಟ್ಟೆ ಓರೆ ಮಾಡಿ ಸುರಿದೆ. ಅದು ನಿಧಾನಕ್ಕೆ ಕೆಳಗೆ ಜಾರಿತು. ವರ್ಷಗಟ್ಟಲೆ ಬಿದ್ದ ಹಿಮ ಒತ್ತಿ ಒತ್ತಿ ಗಡ್ಡೆಯಾಗುತ್ತದೆ, ತನ್ನ ಭಾರಕ್ಕೆ ತಾನೇ ಹೀಗೆ ಇಳಿಯುತ್ತದೆ ಎಂದೆ. ಆಮೇಲೆ ನೆಲದ ಮೇಲೆ ಸೀಮೆಸುಣ್ಣದಿಂದ ದೊಡ್ಡ ಗುಣಿಸು ಚಿಹ್ನೆ ಬರೆದೆ. ಕಾಂಚನಜುಂಗಾದ ಏಣುಗಳು, ಅಂದರೆ ಶಿಖರದಿಂದ ಇಳಿಯುವ ಬೆಟ್ಟದ ಸಾಲುಗಳು, ಹಾಗೇ ನಾಲ್ಕು ಕಡೆ ಚಾಚಿವೆ. ನಡುವಿನ ನಾಲ್ಕು ಸಂದುಗಳಲ್ಲಿ ನಾಲ್ಕು ದೊಡ್ಡ ಹಿಮನದಿಗಳಿವೆ. ಸಿಕ್ಕಿಂ ಕಡೆಗೆ ಝೇಮು ಮತ್ತು ತಾಲುಂಗ್, ನೇಪಾಳದ ಕಡೆಗೆ ಯಾಲುಂಗ್ ಮತ್ತು ಶಿಖರದ ಹೆಸರನ್ನೇ ಹೊತ್ತ ಕಾಂಚನಜುಂಗಾ ಹಿಮನದಿ. ಝೇಮು ಒಂದೇ ಸುಮಾರು 26 ಕಿ.ಮೀ. ಉದ್ದ. ಗಂಗಾವತಿಯಿಂದ ಕನಕಗಿರಿಗೆ ಹೋಗುವ ದಾರಿಗಿಂತ ಜಾಸ್ತಿ! ಅಷ್ಟುದ್ದಕ್ಕೂ ಮಂಜುಗಡ್ಡೆ ಎಂದಾಗ ಮಕ್ಕಳ ಕಣ್ಣು ಅರಳಿದವು.

ಮಕ್ಕಳು ಜಾಸ್ತಿ ಹೊತ್ತು ನೋಡಿದ್ದು ನೀರಿನ ದಾರಿಯನ್ನು. ಸಿಕ್ಕಿಂ ಕಡೆ ಕರಗಿದ ನೀರು ತೀಸ್ತಾ ನದಿ ಸೇರಿ ಬ್ರಹ್ಮಪುತ್ರಕ್ಕೆ ಹೋಗುತ್ತದೆ. ನೇಪಾಳದ ಕಡೆಯದು ತಮೋರ್ ನದಿ ಹಿಡಿದು, ಕೋಸಿಯಾಗಿ ಗಂಗೆ ಸೇರುತ್ತದೆ. ಒಂದೇ ಬೆಟ್ಟದಿಂದ ಅಗಲಿದ ನೀರು ಮತ್ತೆ ಒಂದಾಗುವುದು ಬಾಂಗ್ಲಾದೇಶದಲ್ಲಿ. ಇದನ್ನು ತಿಳಿದ ಮಗು 8,586 ಎಂಬ ಅಂಕಿಯನ್ನು ಮರೆತರೂ ನನಗೆ ಬೇಸರವಿಲ್ಲ. (1852ರವರೆಗೂ ಪ್ರಪಂಚದಲ್ಲಿ ಇದೇ ಅತಿ ಎತ್ತರದ ಶಿಖರ ಎಂದು ನಂಬಿದ್ದರು. ಈಗ ಮೂರನೆಯದು.)

ನಮ್ಮ ತುಂಗಭದ್ರೆಗೆ ಹಿಮದ ಆಸರೆಯಿಲ್ಲ. ಪಶ್ಚಿಮ ಘಟ್ಟದಲ್ಲಿ ಮಳೆ ಬಂದರೆ ಉಂಟು. ಬೇಸಿಗೆಯಲ್ಲಿ ಆನೆಗೊಂದಿ ಬಳಿ ಹೊಳೆಯ ಬಂಡೆಗಳು ಎದ್ದು ಕಾಣುತ್ತವೆ. 2024ರ ಆಗಸ್ಟ್ 10ರ ರಾತ್ರಿ ಡ್ಯಾಮಿನ 19ನೇ ಗೇಟ್ ಕೊಚ್ಚಿಹೋದಾಗ ನಮ್ಮ ಊರುಗಳಲ್ಲಿ ಎಂಥ ಆತಂಕವಿತ್ತು ಎಂಬುದು ಮಕ್ಕಳಿಗೂ ನೆನಪಿದೆ. ಅದಕ್ಕೆ ಸುಮಾರು ಹತ್ತು ತಿಂಗಳ ಹಿಂದೆ, 2023ರ ಅಕ್ಟೋಬರ್ 3ರ ರಾತ್ರಿ, ಉತ್ತರ ಸಿಕ್ಕಿಂನ ದಕ್ಷಿಣ ಲೊನಾಕ್ ಸರೋವರ ಒಡೆದಿತ್ತು. ಅದು 5,000 ಮೀಟರ್‌ಗಿಂತ ಮೇಲೆ, ಹಿಮನದಿ ಕರಗಿ ನಿಂತ ನೀರು. ಅದನ್ನು ತಡೆದದ್ದು ಹಿಮನದಿಯೇ ಹೊತ್ತು ತಂದು ಒಟ್ಟಿದ ಕಲ್ಲು ಮಣ್ಣಿನ ದಿಬ್ಬ. ಪಕ್ಕದ ಇಳಿಜಾರು ಕುಸಿದು ಸರೋವರಕ್ಕೆ ಬಿತ್ತು, ದಿಬ್ಬ ಒಡೆಯಿತು. ತೀಸ್ತಾ ಉಕ್ಕಿ ಚುಂಗ್‌ಥಾಂಗ್‌ನ ತೀಸ್ತಾ-3 ಅಣೆಕಟ್ಟನ್ನೇ ಕೊಚ್ಚಿಕೊಂಡು ಹೋಯಿತು. ಹಲವರು ಜೀವ ಕಳೆದುಕೊಂಡರು. ನಮ್ಮ ಡ್ಯಾಮಿನಲ್ಲಿ ಮಾಡಿದಂತೆ ಅಲ್ಲಿ ಹೊಸ ಗೇಟ್ ಇಳಿಸಿ ನೀರು ನಿಲ್ಲಿಸಲು ಆಗುತ್ತಿತ್ತಾ? ಡ್ಯಾಮಿನ ಮಗ್ಗುಲಲ್ಲಿ ಬದುಕುವ ನಮ್ಮ ಮಕ್ಕಳಿಗೆ ಈ ಸಂಕಟ ಬೇಗ ಅರ್ಥವಾಯಿತು.

ಆದ್ದರಿಂದ ನನ್ನ ವಿನಂತಿ ಇಷ್ಟು. ನಿಮ್ಮ ವಿದ್ಯಾರ್ಥಿ ಪುಟದಲ್ಲಿ ಒಂದು ದಿನ ಕಾಂಚನಜುಂಗಾದ ದೊಡ್ಡ ನಕ್ಷೆ ಹಾಕಿ. ನಾಲ್ಕು ಹಿಮನದಿಗಳು, ಅವುಗಳಿಂದ ಹುಟ್ಟುವ ಹೊಳೆಗಳು, ಮೇಲಿನ ಸರೋವರಗಳು ಎಲ್ಲವೂ ಕನ್ನಡದ ಹೆಸರಿನೊಂದಿಗೆ ಇರಲಿ. ಅರ್ಧ ಪುಟವಾದರೂ ಸಾಕು. ಕತ್ತರಿಸಿ ನಮ್ಮ ತರಗತಿಯ ಗೋಡೆಗೆ ಅಂಟಿಸುತ್ತೇವೆ. ಆ ಹುಡುಗಿ ಈಗಲೇ ಜಾಗ ಹುಡುಕಿಟ್ಟಿದ್ದಾಳೆ.

– ಪ್ರೌಢಶಾಲಾ ಶಿಕ್ಷಕ, ಗಂಗಾವತಿ ತಾಲ್ಲೂಕು, ಕೊಪ್ಪಳ ಜಿಲ್ಲೆ