ದೋಣಿ ವಿಹಾರ ಮತ್ತು ಲೈಫ್ ಜಾಕೆಟ್: ಪೋಷಕರಿಗೆ ಪತ್ರ

ಮಾನ್ಯ ಪೋಷಕರೇ,

ಐದನೇ ತರಗತಿಯ ಮಕ್ಕಳು ಲಿಂಗನಮಕ್ಕಿ ಹಿನ್ನೀರಿಗೆ ಪ್ರವಾಸ ಹೋಗಿದ್ದಾಗ ಕೆಲವರನ್ನು ದೋಣಿ ಹತ್ತಿಸದೆ ದಡದಲ್ಲೇ ಉಳಿಸಿಕೊಂಡ ವಿಷಯವಾಗಿ ನಿಮ್ಮಲ್ಲಿ ಹಲವರು ಕಚೇರಿಗೆ ಬಂದು ಬೇಸರ ತೋಡಿಕೊಂಡಿದ್ದೀರಿ. ಹಣ ಕಟ್ಟಿಸಿಕೊಂಡು ಅಷ್ಟು ದೂರ ಕರೆದೊಯ್ದು, ಗೆಳೆಯರು ದೋಣಿಯಲ್ಲಿ ಹೋಗುವುದನ್ನು ನೋಡುತ್ತ ನಿಲ್ಲಿಸಿದ್ದು ಸರಿಯೇ ಎಂದು ಕೇಳಿದ್ದೀರಿ. ಒಬ್ಬಳು ಹುಡುಗಿ ಅಂದು ಮಧ್ಯಾಹ್ನ ಊಟವನ್ನೇ ಮಾಡಲಿಲ್ಲವೆಂದು ಕೇಳಿ ನನಗೂ ಸಂಕಟವಾಯಿತು. ದೋಣಿಯ ಹಣವನ್ನು ಆ ಮಕ್ಕಳಿಗೆ ಹಿಂದಿರುಗಿಸಿದ್ದೇವೆ. ಆದರೆ ಜೊತೆಗಿದ್ದ ಶಿಕ್ಷಕರು ಮಾಡಿದ್ದು ಸರಿಯಾದ ಕೆಲಸ. ದಯವಿಟ್ಟು ಅವರ ಮೇಲೆ ಸಿಟ್ಟಾಗಬೇಡಿ.

ಅಲ್ಲಿ ಜಾಕೆಟ್‌ಗಳಿದ್ದವು, ಎಲ್ಲವೂ ದೊಡ್ಡವರ ಅಳತೆಯವು. ಪಟ್ಟಿಗಳನ್ನು ಬಿಗಿದು ಬಕಲ್ ಹಾಕಿದ ಮೇಲೆ ಶಿಕ್ಷಕರು ಪ್ರತಿ ಮಗುವಿನ ಜಾಕೆಟ್ಟನ್ನು ಭುಜದ ಬಳಿ ಹಿಡಿದು ಮೇಲಕ್ಕೆ ಎಳೆದು ನೋಡಿದರು. ಗಲ್ಲ, ಕಿವಿಯವರೆಗೆ ಎದ್ದು ಬಂದರೆ ಆ ಜಾಕೆಟ್ ಆ ಮಗುವಿಗೆ ಹೊಂದುವುದಿಲ್ಲ. ನೀರಿಗೆ ಬಿದ್ದಾಗ ಜಾಕೆಟ್ ಮೇಲೆ ತೇಲುತ್ತದೆ, ಮಗು ಅದರೊಳಗಿಂದ ಕೆಳಕ್ಕೆ ಜಾರುತ್ತದೆ. ಹೀಗೆ ಹೊಂದದವರನ್ನೇ ದಡದಲ್ಲಿ ಉಳಿಸಿಕೊಂಡದ್ದು.

‘ನಮ್ಮ ಮಕ್ಕಳಿಗೆ ಚೆನ್ನಾಗಿ ಈಜು ಬರುತ್ತದೆ’ ಎಂಬ ಮಾತನ್ನು ಬಹಳ ಮಂದಿ ಹೇಳಿದಿರಿ. ನಿಜ. ಸೊಂಟಕ್ಕೆ ಬೆಂಡು ಕಟ್ಟಿಕೊಂಡು ಊರ ಕೆರೆಯಲ್ಲಿ ಈಜು ಕಲಿತ ಮಕ್ಕಳು ನಮ್ಮಲ್ಲಿದ್ದಾರೆ, ಅದು ನನಗೆ ಹೆಮ್ಮೆ. ಆದರೆ ಕೆರೆಗೆ ಮಗು ತಾನಾಗಿ ಇಳಿಯುತ್ತದೆ. ದೋಣಿ ಮಗುಚಿದಾಗ ಬಟ್ಟೆ, ಬೂಟುಗಳ ಸಮೇತ ಬೀಳುತ್ತದೆ. ದೋಣಿಯ ಅಂಚು ತಲೆಗೆ ಬಡಿಯಬಹುದು, ಹೆದರಿದ ಇನ್ನೊಂದು ಮಗು ಕುತ್ತಿಗೆಗೆ ಜೋತುಬೀಳಬಹುದು. ಹಿನ್ನೀರಿನ ಅಡಿಯಲ್ಲಿ ಮುಳುಗಿದ ಕಾಡಿನ ಮರದ ಬೊಡ್ಡೆಗಳಿವೆ ಎಂಬುದನ್ನು ನಿಮಗೆ ನಾನು ಹೇಳಬೇಕಿಲ್ಲ. ಈಜು ಬಂದರೂ ಜಾಕೆಟ್ ಬೇಕು. ಇದು ನಿಮ್ಮ ಮಗುವಿನ ಈಜಿನ ಮೇಲಿನ ಅನುಮಾನವಲ್ಲ. ಈಜಲು ಆಗದೇ ಹೋಗುವ ಗಳಿಗೆಯ ಭಯ. ಅಮೆರಿಕದಲ್ಲಿ ಚಲಿಸುವ ವಿಹಾರ ದೋಣಿಗಳ ತೆರೆದ ಭಾಗದಲ್ಲಿ 13 ವರ್ಷದೊಳಗಿನ ಮಕ್ಕಳು ಜಾಕೆಟ್ ತೊಟ್ಟಿರಲೇಬೇಕೆಂಬ ನಿಯಮವಿದೆ. ಈಜು ಬರುವವರಿಗೆ ಅಲ್ಲಿಯೂ ರಿಯಾಯಿತಿ ಇಲ್ಲ.

ಹಿನ್ನೀರಿನ ಆಚೆ ದಡದ ತುಮರಿ ಕಡೆಯ ಹಿರಿಯರೊಬ್ಬರು, ‘ನಾವು ಜೀವಮಾನವಿಡೀ ಜಾಕೆಟ್ ಇಲ್ಲದೆ ಲಾಂಚಿನಲ್ಲಿ ದಾಟಿದವರು’ ಎಂದರು. 2025ರ ಜುಲೈನಲ್ಲಿ ಸಿಗಂದೂರು ಸೇತುವೆ ತೆರೆಯುವವರೆಗೂ ಕರೂರು, ಬಾರಂಗಿ ಹೋಬಳಿಗಳ ಜನ ಹಾಗೆಯೇ ಓಡಾಡಿದರು, ಒಪ್ಪುತ್ತೇನೆ. ಆದರೆ ಅದು ಬಸ್ಸನ್ನೇ ಹೊತ್ತು ಸಾಗುತ್ತಿದ್ದ ಅಗಲವಾದ ಲಾಂಚು. ವಿಹಾರದ ಸಣ್ಣ ದೋಣಿಯಲ್ಲಿ ಫೋಟೋಕ್ಕೆಂದು ನಾಲ್ಕು ಜನ ಒಂದೇ ಕಡೆಗೆ ಎದ್ದು ನಿಂತರೆ ಸಾಕು, ದೋಣಿ ವಾಲುತ್ತದೆ. ಎರಡನ್ನೂ ಒಂದೇ ಎನ್ನಲಾಗದು.

2024ರ ಜನವರಿ 18ರಂದು ವಡೋದರದ ಹರಣಿ ಕೆರೆಯಲ್ಲಿ ಶಾಲಾ ಪ್ರವಾಸದ ದೋಣಿ ಮಗುಚಿ 12 ಮಕ್ಕಳು, ಇಬ್ಬರು ಶಿಕ್ಷಕಿಯರು ತೀರಿಕೊಂಡರು. ದೋಣಿಯಲ್ಲಿ ಮಿತಿ ಮೀರಿ ಜನರಿದ್ದರು, ಅನೇಕ ಮಕ್ಕಳ ಮೈಮೇಲೆ ಜಾಕೆಟ್ ಇರಲಿಲ್ಲ. ನಿಮ್ಮನ್ನು ಹೆದರಿಸಲು ಇದನ್ನು ಬರೆಯುತ್ತಿಲ್ಲ. ಅದೂ ಕೆರೆಯೇ, ಅವರೂ ಒಂದು ದಿನದ ಪ್ರವಾಸಕ್ಕೆ ಹೋದವರೇ.

ಆದ್ದರಿಂದ ಇನ್ನು ಮುಂದೆ ನಮ್ಮ ಶಾಲೆಯ ಯಾವ ಪ್ರವಾಸದಲ್ಲೂ, ದೋಣಿಯಿರಲಿ ತೆಪ್ಪವಿರಲಿ, ಮೈಗೆ ಹೊಂದುವ ಜಾಕೆಟ್ ಇಲ್ಲದೆ ಯಾರೂ ಹತ್ತುವಂತಿಲ್ಲ. ಶಿಕ್ಷಕರೂ ತೊಡುತ್ತಾರೆ, ನಾನೂ ತೊಡುತ್ತೇನೆ. ಸೆಕೆ, ಬೆವರಿನ ವಾಸನೆ, ಫೋಟೋದಲ್ಲಿ ಹೊಸ ಬಟ್ಟೆ ಕಾಣುವುದಿಲ್ಲ ಎಂಬ ದೂರುಗಳು ನನಗೆ ಅರ್ಥವಾಗುತ್ತವೆ. ದೋಣಿಯಿಂದ ಇಳಿದ ಮೇಲೆ ದಡದಲ್ಲಿ ಎಷ್ಟು ಬೇಕಾದರೂ ಫೋಟೋ ತೆಗೆಸಿಕೊಳ್ಳಲಿ. ತೋಳಿಗೆ ಹಾಕುವ ಗಾಳಿ ತುಂಬಿದ ಪಟ್ಟಿಗಳನ್ನು ಮಾತ್ರ ಕಳುಹಿಸಬೇಡಿ, ಅವು ಜಾಕೆಟ್‌ಗೆ ಬದಲಿಯಲ್ಲ.

ಅಂದು ದಡದಲ್ಲಿ ಉಳಿದ ಮಕ್ಕಳನ್ನು ಆರನೇ ತರಗತಿಯವರ ಜೊತೆ ಮತ್ತೆ ಕರೆದೊಯ್ಯುತ್ತೇವೆ, ಪ್ರವಾಸದ ಹಣ ಕೊಡಬೇಕಿಲ್ಲ. ಈ ಬಾರಿ ಮಕ್ಕಳ ಅಳತೆಯ ಜಾಕೆಟ್‌ಗಳನ್ನು ಶಾಲೆಯೇ ಕೊಳ್ಳುತ್ತಿದೆ. ಅವುಗಳ ಅಳತೆ ವಯಸ್ಸಿನ ಮೇಲಲ್ಲ, ತೂಕದ ಮೇಲೆ: 23 ಕೆ.ಜಿ.ಗಿಂತ ಕಡಿಮೆಯವರಿಗೆ ಒಂದು, 23ರಿಂದ 41 ಕೆ.ಜಿ.ಯವರಿಗೆ ಇನ್ನೊಂದು.

ಒಪ್ಪಿಗೆ ಪತ್ರದಲ್ಲಿ ನಿಮ್ಮ ಮಗುವಿನ ಈಗಿನ ತೂಕವನ್ನು ಬರೆದು ಸೋಮವಾರದೊಳಗೆ ತರಗತಿ ಶಿಕ್ಷಕರಿಗೆ ತಲುಪಿಸಿ.

ಇತಿ,
ತಮ್ಮ ವಿಶ್ವಾಸಿ,
ಮುಖ್ಯೋಪಾಧ್ಯಾಯಿನಿ