ಕ್ಯಾಮೆರಾ ಎದುರಿನವರ ಮೇಲಿದ್ದಾಗ

ಪುಟ್ಟಿ,

ನಾಳಿದ್ದು ನಿನ್ನ ಮೊದಲ ಶೂಟಿಂಗ್. ಫೋನಿನಲ್ಲಿ ಹೇಳಿದರೆ ಎಲ್ಲದಕ್ಕೂ "ಆಯ್ತಮ್ಮ, ಆಯ್ತಮ್ಮ" ಅಂತೀಯ. ಅದಕ್ಕೇ ಬರೆಯುತ್ತಿದ್ದೇನೆ.

ಬೆಂಗಳೂರಿನ ರವೀಂದ್ರ ಕಲಾಕ್ಷೇತ್ರದ ಹಿಂದಿನ ಸಂಸ ಬಯಲು ರಂಗಮಂದಿರದಲ್ಲಿ ನಾಟಕ ಮುಗಿಸಿ, ಮುಖದ ಬಣ್ಣ ಅರ್ಧ ಒರೆಸಿಕೊಂಡು ಕೊನೆಯ ಬಸ್ಸಿಗೆ ಓಡುತ್ತಿದ್ದವಳು ನಾನು. ಸಿನಿಮಾಕ್ಕೆ ಬಂದಾಗ ನಾಯಕಿಯ ಗೆಳತಿ. 35ಕ್ಕೆಲ್ಲ ಅಮ್ಮ. ನನಗಿಂತ ನಾಲ್ಕೇ ವರ್ಷ ಚಿಕ್ಕವನಿಗೆ ತಾಯಿ ಮಾಡಿದ ದಿನ ಮನೆಗೆ ಬಂದು ಅತ್ತಿದ್ದೆ. ಆಗ ನಿಮ್ಮಜ್ಜಿ ಪಂಡರೀಬಾಯಿಯವರ ಮಾತು ತೆಗೆದರು. 1954ರ ‘ಬೇಡರ ಕಣ್ಣಪ್ಪ’ದಲ್ಲಿ ಅವರು ರಾಜ್‌ಕುಮಾರ್ ಅವರಿಗೆ ನಾಯಕಿ. ಮುಂದೆ ಅವರಿಗೇ ತಾಯಿಯಾಗಿಯೂ ಅಭಿನಯಿಸಿದರು. "ಎರಡನ್ನೂ ಜನ ನಂಬಿದರಲ್ವಾ?" ಅಂದರು ಅಜ್ಜಿ. ಮಾರನೇ ದಿನ ಸುಮ್ನೆ ಕೆಲಸಕ್ಕೆ ಹೋದೆ.

1998ರಲ್ಲಿ ‘ಮಾಯಾಮೃಗ’ ಧಾರಾವಾಹಿ ಬಂದಾಗ ಬೀದಿಯವರೆಲ್ಲ ಟಿವಿ ಮುಂದೆ ಕೂತಿದ್ದು ನೆನಪಿದೆ. ದಿನವೂ ಬರುವ ಧಾರಾವಾಹಿಗಳು ಹೆಚ್ಚಾದ ಮೇಲೆ ನಮ್ಮ ಮನೆ ಬಾಡಿಗೆ ಹೊತ್ತಿಗೆ ಸರಿಯಾಗಿ ಹೋಗತೊಡಗಿತು. ಒಂದರಲ್ಲಿ ನನ್ನ ಪಾತ್ರವನ್ನು ದಿಢೀರ್ ಅಂತ ಸಾಯಿಸಿದರು. ಗೋಡೆಯ ಮೇಲೆ ಹಾರ ಹಾಕಿದ ನನ್ನ ಫೋಟೊ ಟಿವಿಯಲ್ಲಿ ನೋಡಿ ನೀನು ಕಿರುಚಿಕೊಂಡೆ. ಐದು ವರ್ಷ ನಿನಗೆ. ರಾತ್ರಿಯೆಲ್ಲ ನನ್ನ ಸೆರಗು ಬಿಡಲಿಲ್ಲ.

ಈಗ ಮುಖ್ಯ ಮಾತು. ಕ್ಲೋಸಪ್ ಎದುರಿನವರದ್ದಾದಾಗ ನೀನು ಫ್ರೇಮಿನಲ್ಲಿ ಇರುವುದಿಲ್ಲ. ತುಂಬಾ ಜನ ಆಗ ಕುರ್ಚಿಗೆ ಹೋಗಿ ಮೊಬೈಲ್ ಹಿಡಿಯುತ್ತಾರೆ. ಅವರ ಮಾತನ್ನು ಸಹಾಯಕ ನಿರ್ದೇಶಕರು ಪೇಪರ್ ನೋಡಿ ಓದುತ್ತಾರೆ. ನೀನು ಹೋಗಬೇಡ. ಕ್ಯಾಮೆರಾ ಪಕ್ಕದಲ್ಲೇ ನಿಲ್ಲು. ಅವರ ಕಣ್ಣು ನೋಡಿಕೊಂಡು ನಿನ್ನ ಮಾತು ಪೂರ್ತಿ ಹೇಳು. ಅಳಬೇಕಾದ ಮಾತಾದರೆ ಅತ್ತೇ ಹೇಳು. ನನ್ನ ಮೊದಲ ದೊಡ್ಡ ದೃಶ್ಯದಲ್ಲಿ ಹಿರಿಯ ನಟಿಯೊಬ್ಬರು ಮಂಡಿನೋವಿದ್ದರೂ ಹಾಗೆ ನಿಂತಿದ್ದರು. ಹನ್ನೊಂದು ಟೇಕ್. ಆ ದೃಶ್ಯ ಚೆನ್ನಾಗಿ ಬಂದಿದ್ದರೆ ಅರ್ಧ ಅವರದ್ದು. ಪರದೆಯ ಮೇಲೆ ಅವರ ಸೆರಗೂ ಕಾಣುವುದಿಲ್ಲ. ಇಷ್ಟು ವರ್ಷ ನನಗೆ ಮತ್ತೆ ಮತ್ತೆ ಕರೆ ಬಂದಿದ್ದು ಜಾಸ್ತಿ ಇದರಿಂದಲೇ ಅಂತ ನನ್ನ ನಂಬಿಕೆ. "ಮೇಡಂ ಇದ್ದರೆ ನಮಗೆ ಮಾಡೋಕೆ ಸುಲಭ" ಅಂತ ಹುಡುಗರು ಹೇಳುತ್ತಿದ್ದರು.

ಕೆಲಸ ಮಾಡಿದ ದಿನಗಳನ್ನು ಡೈರಿಯಲ್ಲಿ ಬರೆದಿಡು. ಒಂದು ತಂಡದವರು ನನಗೆ 18 ದಿನದ ಪೇಮೆಂಟ್ ಕೊಡಲೇ ಇಲ್ಲ. ಕೇಳಲು ಹೋದರೆ ನನ್ನ ಹತ್ತಿರ ಲೆಕ್ಕವೇ ಇರಲಿಲ್ಲ.

ಸೀರೆ ಮೂರು ಇಸ್ತ್ರಿ ಮಾಡಿ ಇಟ್ಟಿದ್ದೇನೆ, ಬಂದು ತಗೊಂಡು ಹೋಗು. ಯಾವ ಕೈಗೆ ಎಷ್ಟು ಬಳೆ ಹಾಕಿದ್ದೆ ಅಂತ ಫೋಟೊ ತೆಗೆದಿಟ್ಟುಕೋ, ಕಂಟಿನ್ಯುಟಿಗೆ ಬೇಕಾಗುತ್ತೆ, ಮುಂದಿನ ಶಾಟ್‌ನಲ್ಲೂ ಎಲ್ಲ ಹಾಗೇ ಇರಬೇಕಲ್ಲ. ಏಳಕ್ಕೆ ಕಾಲ್‌ಶೀಟ್ ಅಲ್ವಾ? ಐದಕ್ಕೆ ಫೋನ್ ಮಾಡಿ ಏಳಿಸುತ್ತೇನೆ.

ನಿನ್ನ
ಅಮ್ಮ