ಶನಿವಾರದ ಫೆರಿ: ಸಮಯ ಬದಲಾಗಿದೆ

ಎಲ್ಲರಿಗೂ ನಮಸ್ಕಾರ. ಶನಿವಾರ ಬೇನ್‌ಬ್ರಿಜ್ ದ್ವೀಪಕ್ಕೆ ಬರುವವರು 10 ಅಲ್ಲ, ಬೆಳಿಗ್ಗೆ 9ಕ್ಕೇ ಸಿಯಾಟಲ್ ಫೆರಿ ಟರ್ಮಿನಲ್‌ನಲ್ಲಿರಿ. ಫೆರಿಗೆ ಕಾರು ಹತ್ತಿಸೋದು ಬೇಡ, ಹೋದ ಸಲ ಕಾರಿನ ಸಾಲಲ್ಲೇ ಚಿತ್ರಾನ್ನದ ಡಬ್ಬಿ ಖಾಲಿಯಾಗಿತ್ತು. ನಡೆದು ಹತ್ತಿದರೆ ಹೋಗುವಾಗ ಮಾತ್ರ ಟಿಕೆಟ್, ಬರುವಾಗ ಇಲ್ಲ. 18 ವರ್ಷದವರೆಗಿನ ಮಕ್ಕಳಿಗೆ ಉಚಿತ.

ಇನ್ನೊಂದು ವಿಷಯ. ನಮ್ಮ ಫೆರಿ ದಾಟುವ ನೀರಿನ ಹೆಸರು ಪ್ಯೂಜೆಟ್ ಸೌಂಡ್. "ಪ್ಯೂಜೆಟ್ ಸೌಂಡ್‌ನಲ್ಲಿ ಸದ್ದು ಎಲ್ಲಿದೆ?" ಅಂತ ಮಕ್ಕಳು ಮತ್ತೆ ಕೇಳ್ತಾರೆ, ಉತ್ತರ ಇಟ್ಟುಕೊಂಡೇ ಬನ್ನಿ. ಇದು ಸದ್ದಿನ ಸೌಂಡ್ ಅಲ್ಲ. ಭೂಭಾಗದ ಒಳಕ್ಕೆ ಚಾಚಿಕೊಂಡ ಕಡಲಿಗೆ ಇಂಗ್ಲಿಷಿನಲ್ಲಿ ಹೀಗೆ ಹೇಳುವುದು. ಹಿಂದೆ ಹಿಮನದಿಗಳು ಕೊರೆದ ತಗ್ಗು ಇದು, ಅದಕ್ಕೇ ಇಷ್ಟು ಆಳ. 1792ರಲ್ಲಿ ಬ್ರಿಟಿಷ್ ನಾವಿಕ ಜಾರ್ಜ್ ವ್ಯಾಂಕೂವರ್ ತನ್ನ ಹಡಗಿನ ಲೆಫ್ಟಿನೆಂಟ್ ಪೀಟರ್ ಪ್ಯೂಜೆಟ್‌ನ ಹೆಸರಿಟ್ಟ, ಅದೂ ಟಕೋಮಾ ನ್ಯಾರೋಸ್ ಅನ್ನುವ ಕಿರಿದಾದ ಜಲಸಂಧಿಯ ದಕ್ಷಿಣದ ನೀರಿಗೆ ಮಾತ್ರ. ಆಮೇಲೆ ಹೆಸರು ಉತ್ತರಕ್ಕೂ ಹಬ್ಬಿತು, ನಾವು ದಾಟುವ ಜಾಗವೂ ಅದರೊಳಗೇ ಬಂತು. ಅದಕ್ಕೂ ಮುಂಚೆ ಇಲ್ಲಿನ ಮೂಲ ಜನ ಇದನ್ನು ಸುಮ್ನೆ "ಉಪ್ಪುನೀರು" ಅನ್ನುವ ಅರ್ಥದ ಮಾತಿನಿಂದ ಕರೆಯುತ್ತಿದ್ದರು. ನನಗಂತೂ ಅದೇ ಇಷ್ಟ.

ಡೆಕ್ ಮೇಲೆ ಗಾಳಿ ಜಾಸ್ತಿ, ಜಾಕೆಟ್ ಮರೆಯಬೇಡಿ. ಎಷ್ಟು ಜನ ಬರುತ್ತೀರಿ ಅಂತ ಗುರುವಾರ ರಾತ್ರಿಯೊಳಗೆ ಇಲ್ಲೇ ಬರೆಯಿರಿ. ಬರೀ ಹೆಬ್ಬೆಟ್ಟು ಒತ್ತಿದರೆ ಲೆಕ್ಕ ಸಿಗಲ್ಲ.